ಅತ್ತೆ ಅಲುಗಾಡಿದ್ದು

ನಮ್ಮವರು ಕೊಲ್ಲಾಪುರದಲ್ಲಿ ಸಿನಿಮಾ ಕೆಲಸ ಕಲಿತು, ಹಿಡಿಕೆ ತಿರುಗಿಸುವ ಹಳೆಯ ಕ್ಯಾಮೆರಾ ಹೊತ್ತುಕೊಂಡು ಕಲ್ಲೋಳಿಗೆ ಮರಳಿದಾಗ, ರಾಜ, ರಾಣಿ, ಯುದ್ಧ ಏನಾದರೂ ತೆಗೆಯುತ್ತಾರೆಂದು ಊರೆಲ್ಲ ಕಾದಿತ್ತು. ಅವರು ತೆಗೆದದ್ದು ನೀರು. ಗೋಕಾಕದ ಜಲಪಾತದ ಎದುರು ಹಗಲಿಡೀ ಕೂತು ನೀರು, ಆಮೇಲೆ ಜೋಳದ ಹೊಲದ ಮೇಲೆ ಸರಿಯುವ ಮೋಡದ ನೆರಳು, ಆಮೇಲೆ ಮತ್ತೆ ನೀರು.

"ನೀರು ನೋಡ್ಕೋತ ಕುಂತ್ರ ಹಳೇದೆಲ್ಲಾ ನೆನಪಾಗ್ತೈತಿ," ಎನ್ನುತ್ತಿದ್ದರು.

"ಸಂತಿಯಿಂದ ಉಪ್ಪು ತರೂದು ಒಂದು ನೆನಪಾಗೂದಿಲ್ಲ ನೋಡ್ರಿ," ಎನ್ನುತ್ತಿದ್ದೆ ನಾನು.

ಅತ್ತೆ ಮಾತ್ರ ಮಗನನ್ನು ಬೈಯಲಿಲ್ಲ. ಅವರಿಗೆ ಬೇರೆಯೇ ಆಸೆಯಿತ್ತು. ಮಾವ ತೀರಿ ಬಹಳ ವರ್ಷವಾಗಿತ್ತು, ಅವರದೊಂದು ಫೋಟೋ ಕೂಡ ಮನೆಯಲ್ಲಿರಲಿಲ್ಲ. "ನಿಮ್ಮಪ್ಪನ ಮುಖ ನನಗ ಈಗ ನೆನಪಿಗೆ ಬರೂದಿಲ್ಲೋ ತಮ್ಮಾ," ಎಂದರು ಒಂದು ದಿನ. "ನಾ ಹ್ವಾದ ಮ್ಯಾಲ ನಂದೂ ಹಂಗಾಗಬಾರ್ದು. ನನ್ನೂ ಒಂದೀಟು ತಗಿ."

ನಮ್ಮವರು ತಲೆ ಕೆರೆದುಕೊಂಡರು. ಎರಡನೇ ಮಹಾಯುದ್ಧದ ಕಾಲ, ಹೊಸ ರೀಲು ಸಿಗುತ್ತಿರಲಿಲ್ಲ. ಇದ್ದದ್ದೆಲ್ಲ ನೀರಿಗೆ ಹೋಗಿ, ಕೊನೆಯ ಚೂರೊಂದು ಉಳಿದಿತ್ತು.

ಮರುದಿನ ಅತ್ತೆ ಇಳಕಲ್ ಸೀರೆ ಉಟ್ಟು, ವಿಭೂತಿ ಹಚ್ಚಿ, ಹಿತ್ತಲಲ್ಲಿ ಬೆಳಕಿದ್ದ ಕಡೆ, ಎಮ್ಮೆಯ ಪಕ್ಕ ನಿಂತರು. ಅಲುಗಾಡಿದರೆ ಮುಖ ಕೆಡುತ್ತದೆ ಎಂದು ಫೋಟೋ ತೆಗೆಸಿಕೊಂಡವರ ಬಾಯಲ್ಲಿ ಕೇಳಿದ್ದರು. ಹಾಗಾಗಿ ಉಸಿರು ಹಿಡಿದು, ರೆಪ್ಪೆ ಬಡಿಯದೆ, ಕಂಬದಂತೆ ನಿಂತುಬಿಟ್ಟರು.

"ಅವ್ವಾ, ಅಲುಗಾಡು. ಇದು ಫೋಟೋ ಅಲ್ಲ."

"ಮುಖ ಕೆಡಿಸಬ್ಯಾಡ," ಎಂದರು ಅತ್ತೆ, ತುಟಿ ಬಿಚ್ಚದೆ.

ಹಿಡಿಕೆ ತಿರುಗುತ್ತಿತ್ತು, ರೀಲು ಮುಗಿಯುತ್ತಿತ್ತು. "ನಗು, ಮಾತಾಡು, ಕೈಯಾದ್ರೂ ಎತ್ತವ್ವಾ." ಇರುವುದನ್ನು ಇದ್ದ ಹಾಗೇ ನೋಡಬೇಕು, ನಡುವೆ ಬಾಯಿ ಹಾಕಬಾರದು ಎಂದು ನನಗೆ ದಿನಾ ಪಾಠ ಹೇಳುತ್ತಿದ್ದ ಮನುಷ್ಯ ಒಂದು ಕೈಯಲ್ಲಿ ಹಿಡಿಕೆ ತಿರುಗಿಸುತ್ತ ನಿಂತಲ್ಲೇ ಕುಣಿಯುತ್ತಿದ್ದರು. ನನಗೆ ಬಹಳ ಖುಷಿಯಾಯಿತು.

ಅಷ್ಟರಲ್ಲಿ ಎಮ್ಮೆ ಕತ್ತು ಚಾಚಿ ಇಳಕಲ್ ಸೆರಗನ್ನು ಬಾಯಿಗೆ ಹಾಕಿಕೊಂಡು ಅಗಿಯತೊಡಗಿತು. ಅತ್ತೆ ತಡೆಯುವಷ್ಟು ತಡೆದರು. ಆಮೇಲೆ ಗರ್ರನೆ ತಿರುಗಿ ಅದರ ಮೂತಿಗೊಂದು ಬಿಟ್ಟರು. ಅದು ಬಿಡಲಿಲ್ಲ. ಇವರು ಜಗ್ಗಿದರು, ಅದೂ ಜಗ್ಗಿತು. ಕೊನೆಗೆ ಅತ್ತೆ ಸೋತು, ಎಮ್ಮೆಯ ಕುತ್ತಿಗೆಗೇ ಒರಗಿ ಹೊಟ್ಟೆ ಹಿಡಿದುಕೊಂಡು ನಕ್ಕರು. ರೀಲು ಮುಗಿಯಿತು.

ಮುಂಬೈಗೆ ಕಳಿಸಿ ತೊಳೆಸಿ ತಂದು, ಒಂದು ಸಂಜೆ ಪಡಸಾಲೆಯಲ್ಲಿ ಧೋತರವನ್ನೇ ಪರದೆಯಾಗಿ ಕಟ್ಟಿ ತೋರಿಸಿದರು. ನೀರು ಬಂತು, ನೆರಳು ಬಂತು, ಮತ್ತೆ ನೀರು ಬಂತು. ನೆರೆಯವರು ಆಕಳಿಸಿದರು. ಎಮ್ಮೆ ಬಂದಾಗ ಬಿದ್ದು ಬಿದ್ದು ನಕ್ಕರು. ಅತ್ತೆಗೆ ಸಿಟ್ಟು ಬಂತು.

"ನಾ ನೆಟ್ಟಗ ನಿಂತದ್ದಷ್ಟ ಇಟ್ಕೋ. ಉಳಿದದ್ದು ಕತ್ತರಿಸಿ ಒಗಿ," ಎಂದರು. ನಮ್ಮವರು ಹೂಂ ಅಂದರು. ಕತ್ತರಿಸಲಿಲ್ಲ.

ಅತ್ತೆ ಹೋದಾಗ, ಅವರನ್ನು ಆಯಿ ಎಂದು ಕರೆಯುತ್ತಿದ್ದ ನನ್ನ ಕಿರಿಯ ಮಗಳಿಗೆ ಇನ್ನೂ ಮೂರು ತುಂಬಿರಲಿಲ್ಲ. ವರ್ಷ ಕಳೆದ ಮೇಲೆ ಆ ರೀಲು ಹಾಕಿದೆವು. ನೆಟ್ಟಗೆ ನಿಂತ ಅಜ್ಜಿಯನ್ನು ನೋಡಿ, "ಅವ್ವಾ, ಇಕಿ ಯಾರ?" ಎಂದಳು. ನಾನು ಉತ್ತರ ಹೇಳುವ ಮೊದಲೇ ಎಮ್ಮೆಯ ಮೂತಿಗೆ ಏಟು ಬಿತ್ತು. ಮಗಳು ಎದ್ದು ಧೋತರದ ಹತ್ತಿರ ಓಡಿದಳು. "ನಮ್ಮ ಆಯಿ," ಎಂದಳು.