ಮೂಕಿಚಿತ್ರಗಳ ಮಾತು ಕೇಳಿಸಿಕೊಂಡವರು

ಹಳೆಯ ಮೂಕಿಚಿತ್ರಗಳನ್ನು ಕಾಪಾಡುವ ಕ್ಷೇತ್ರದಲ್ಲಿ ಹರಿದ ರೀಲು ಅಂಟಿಸುವವರು, ಮಸುಕಾದ ಫ್ರೇಮು ತೊಳೆಯುವವರು ಅನೇಕರಿದ್ದಾರೆ. ಆದರೆ ಆ ಚಿತ್ರಗಳಲ್ಲಿ ನಟನಟಿಯರು ನಿಜವಾಗಿ ಆಡಿದ ಮಾತನ್ನು ತುಟಿಗಳಿಂದಲೇ ಓದಿ ಬರೆದಿಟ್ಟವರು ನಮ್ಮ ಚಿತ್ರಭಂಡಾರದಲ್ಲಿ ಒಬ್ಬರೇ. ಒಂಬತ್ತನೆಯ ವಯಸ್ಸಿನಲ್ಲಿ ಜ್ವರದಿಂದ ಶ್ರವಣಶಕ್ತಿ ಕಳೆದುಕೊಂಡು, ಅಕ್ಕಂದಿರು ಕನ್ನಡಿಯ ಮುಂದೆ ಆಡುವ ಗುಟ್ಟುಗಳನ್ನು ಕದ್ದು ಓದುತ್ತ ಈ ವಿದ್ಯೆ ಕಲಿತ ಅವರನ್ನು ಸಹೋದ್ಯೋಗಿಗಳು ‘ತುಟಿ ಮೇಡಂ’ ಎಂದೇ ಕರೆಯುತ್ತ ಬಂದರು. ಮೇಲಧಿಕಾರಿಗಳನ್ನು ಬೈಯುವವರು ಮೇಡಂಗೆ ಬೆನ್ನು ತಿರುಗಿಸಿಯೇ ಬೈಯುತ್ತಿದ್ದರು.

ಸೇವೆಗೆ ಸೇರಿದ ನಾಲ್ಕನೆಯ ವರ್ಷ ಅವರ ಮೇಜಿಗೆ ಒಂದೇ ಸಂಸಾರದ ಹನ್ನೆರಡು ಕಿರು ನಗೆಚಿತ್ರಗಳು ಬಂದವು. ಅಪ್ಪ, ಅಮ್ಮ, ಪುಟ್ಟ ಮಗಳು; ತೆರೆಯ ಮೇಲೂ ಹೊರಗೂ ಒಂದೇ ಮನೆಯವರು. ಅಪ್ಪ ಏಣಿಯಿಂದ ಬೀಳುವುದು, ತಾಯಿ ಮಗಳು ಹೊಟ್ಟೆ ಹಿಡಿದುಕೊಂಡು ನಗುವುದು. ಎಂಟನೆಯ ಚಿತ್ರದಲ್ಲಿ ಮೇಡಂ ಯಂತ್ರ ನಿಲ್ಲಿಸಿದರು. ಅದೇ ಚುಕ್ಕೆಯ ಫ್ರಾಕು, ಅದೇ ಜಡೆ. ಹುಡುಗಿ ಮಾತ್ರ ಬೇರೆ. ಚಿತ್ರ ತೆಗೆದ ಕಂಪನಿಯ ಹಳೆಯ ಪತ್ರಗಳನ್ನು ತರಿಸಿ ಓದಿದಾಗ ಸಂಗತಿ ತಿಳಿಯಿತು. ಏಳನೆಯ ಚಿತ್ರ ಮುಗಿದ ವಾರವೇ ಮಗಳು ತೀರಿಕೊಂಡಿದ್ದಳು. ಒಪ್ಪಂದದ ಐದು ಚಿತ್ರಗಳು ಬಾಕಿ ಇದ್ದುದರಿಂದ ಇನ್ನೊಂದು ಮಗುವನ್ನು ತಂದು, ಸತ್ತವಳ ಬಟ್ಟೆಯನ್ನೇ ತೊಡಿಸಿದ್ದರು.

ಆ ಚಿತ್ರದಲ್ಲಿ ಎಲ್ಲರನ್ನೂ ನಗಿಸುವ ದೃಶ್ಯವೊಂದಿದೆ. ಊಟದ ಬೆಂಚಿನ ಮೇಲೆ ಹುಡುಗಿ ಥಟ್ಟನೆ ಬಲಕ್ಕೆ ಸರಿಯುತ್ತಾಳೆ. ತುದಿಯಲ್ಲಿ ಕೂತಿದ್ದ ಅಪ್ಪ ತಟ್ಟೆಸಮೇತ ನೆಲಕ್ಕೆ ಬೀಳುತ್ತಾನೆ. ಅದಕ್ಕೆ ಮುಂಚೆ, ನಗುತ್ತಲೇ ಇದ್ದ ತಾಯಿಯ ತುಟಿಗಳನ್ನು ಮೇಡಂ ಓದಿದರು: “ಸ್ವಲ್ಪ ಸರ್ಕೊಂಡು ಕೂತ್ಕೋ ಮಗೂ. ಅವಳಿಗೂ ಜಾಗ ಬೇಕು.” ಸರಿದ ಹುಡುಗಿ ಎಡಗಡೆಯ ಖಾಲಿ ಜಾಗಕ್ಕೆ ಮುಖಮಾಡಿ ಹೇಳಿದ್ದಳು: “ನಿನ್ನ ಫ್ರಾಕು ನಂಗೆ ಬಿಗಿ.”

“ಇದು ಹಾಸ್ಯಚಿತ್ರ ಕಣ್ರೀ, ನಗು ಬರೋ ಹಾಗೆ ಏನಾದ್ರೂ ಬರೀರಿ” ಎಂದರು ಮೇಲಧಿಕಾರಿ.

“ನಗಿಸೋಕೆ ಅಪ್ಪ ಬೀಳ್ತಾರಲ್ಲ ಸರ್. ನಾನು ಕಂಡಷ್ಟು ಬರೀತೀನಿ” ಎಂದರು ಮೇಡಂ. ಆ ವರ್ಷ ಬಡ್ತಿ ತಪ್ಪಿತು. ಒಂದಕ್ಷರವನ್ನೂ ಅವರು ತಿದ್ದಲಿಲ್ಲ.

ಆ ಬರಹ ಭಂಡಾರದ ಸೂಚಿಯಲ್ಲಿ ಅಚ್ಚಾದ ಮೇಲೆ ಒಂದು ಬೆಳಿಗ್ಗೆ ಕೋಲೂರಿಕೊಂಡು ಒಬ್ಬ ವೃದ್ಧೆ ಬಂದರು. ಎರಡನೆಯ ಹುಡುಗಿ ಅವರೇ. ದೃಶ್ಯವನ್ನು ನೋಡಿ ಮುಗಿಸಿ, ಮೇಡಂಗೆ ಕಾಣುವಂತೆ ನಿಧಾನವಾಗಿ ತುಟಿ ಆಡಿಸಿದರು. “ಅಮ್ಮ ಹೇಳಿದ್ರು ಅಂತ ನಾನು ಸರೀಲಿಲ್ಲ. ಅವಳು ತಳ್ಳಿದ್ಳು. ನಾನು ಫ್ರಾಕಿನ ವಿಷ್ಯ ಹೇಳ್ದೆ, ಅದಕ್ಕೆ ಅವಳು ಏನೋ ಅಂದ್ಳು. ಅರವತ್ತು ವರ್ಷದಿಂದ ನೆನಪು ಮಾಡ್ಕೊಳ್ತಾ ಇದೀನಿ, ಬರ್ತಿಲ್ಲ. ನೀವು ಓದಿ ಹೇಳ್ತೀರಾ?”

ಅಲ್ಲಿ ಯಾರೂ ಇಲ್ಲ ಎಂದುಬಿಡುವುದು ಸುಲಭವಿತ್ತು. ಮೇಡಂ ವೃದ್ಧೆಯ ಪಕ್ಕದಲ್ಲಿ ಕುರ್ಚಿ ಎಳೆದುಕೊಂಡು, ಖಾಲಿ ಬೆಂಚಿನ ಆ ಗೇಣಗಲ ಜಾಗವನ್ನು ಒಂದೊಂದೇ ಫ್ರೇಮಾಗಿ ಸಂಜೆಯವರೆಗೆ ನೋಡಿದರು. ಆ ದಿನ ಸೂಚಿಗೆ ಅವರ ಕೈಬರಹದ ಒಂದು ಸಾಲು ಸೇರಿತು: ‘ಬೆಂಚಿನ ಎಡಗಡೆ ಇರುವವಳು: ಮಾತು ಓದಲಾಗಲಿಲ್ಲ.’

ವೃದ್ಧೆ ಈಗಿಲ್ಲ. ಮೂವತ್ತೊಂದು ವರ್ಷಗಳ ಸೇವೆಯಿಂದ ನಿವೃತ್ತರಾಗುತ್ತಿರುವ ಮೇಡಂ, ಪ್ರತಿ ಗುರುವಾರ ಬಂದು ಆ ಒಂದು ದೃಶ್ಯವನ್ನು ನೋಡಲು ಅನುಮತಿ ಕೇಳಿದ್ದಾರೆ. ಭಂಡಾರ ಸಂತೋಷದಿಂದ ಕೊಟ್ಟಿದೆ. ಅವರಿಗೆ ಆಯುಸ್ಸು, ಆರೋಗ್ಯ, ಮಾಸದ ಕಣ್ಣು ಇರಲಿ. ಆ ಸಾಲನ್ನು ತಿದ್ದುವ ದಿನ ಅವರ ಕೈಗೇ ಬರಲಿ.