ಪೆಟ್ಟಿಗೆಯೊಳಗಿಂದ ಬರಬೇಕಾದ ಮಾತು

ಕೀಲುಂಗ್ ಬಂದರಿನ ಕಡೆ ಸಣ್ಣ ಸಿನಿಮಾ ಮಾಡುವವರಲ್ಲಿ ಪೀಶಾ ಅಕ್ಕನನ್ನು ಅರಿಯದವರಿಲ್ಲ. ಹತ್ತೊಂಬತ್ತನೇ ವಯಸ್ಸಿನಲ್ಲಿ ಶೂಟಿಂಗಿಗೆ ಊಟದ ಡಬ್ಬಿ ತಂದವಳು, ಅವತ್ತು ನಾಯಕಿ ಬರಲಿಲ್ಲವೆಂದು ಕ್ಯಾಮೆರಾ ಮುಂದೆ ನಿಂತಳು. ಆಮೇಲೆ ಧ್ವನಿ ಹಿಡಿಯುವುದು ಕಲಿತಳು, ಎಡಿಟಿಂಗ್ ಕಲಿತಳು, ಕಥೆ ಬರೆದಳು. ಯಾರೂ ಕೆಲಸ ಕೊಡದಿದ್ದಾಗ ತಾನೇ ನಿರ್ದೇಶಕಿಯಾದಳು. ಈಗ ಅವಳಿಗೆ ಐವತ್ತಾರು. ಅವಳ ಮೂರೂ ಸಿನಿಮಾಕ್ಕೆ ಲೈಟು ನೋಡಿಕೊಂಡವನು ನಾನು, ಅಹೋಕ್. ಇಪ್ಪತ್ತೆರಡು ವರ್ಷ ಜಗಳವಾಡಿಕೊಂಡೇ ಜೊತೆಗಿದ್ದೇವೆ.

ನಮ್ಮಲ್ಲೊಂದು ಕಟ್ಟಳೆ ಇದೆ. ಸಿನಿಮಾದಲ್ಲಿ ಹೆಣವಾಗಿ ಮಲಗುವವರ ಕೈಗೆ, ಮಲಗುವ ಮೊದಲೇ, ಕೆಂಪು ಲಕೋಟೆಯಲ್ಲಿ ದುಡ್ಡು ಇಡಬೇಕು. ಎದ್ದವರು ಅದನ್ನು ಮನೆಗೆ ಒಯ್ಯದೆ ಅವತ್ತೇ ಖರ್ಚು ಮಾಡಬೇಕು. ಇಲ್ಲದಿದ್ದರೆ ಇದು ಬರೀ ಆಟ ಎಂದು ಸಾವಿಗೆ ತಿಳಿಯುವುದಿಲ್ಲ. ಲಕೋಟೆ ಕೊಡುವ ಕೆಲಸವನ್ನು ಅಕ್ಕ ಯಾರಿಗೂ ಬಿಡುತ್ತಿರಲಿಲ್ಲ.

ಮೂರನೇ ಸಿನಿಮಾದಲ್ಲಿ ಹೆಣವಾಗಬೇಕಿದ್ದ ನಟಿ ಕಾಲು ಮುರಿದುಕೊಂಡಳು. "ನಾನೇ ಮಲಗ್ತೀನಿ ಬಿಡು" ಎಂದಳು ಅಕ್ಕ. ತನಗೆ ತಾನೇ ಕೊಟ್ಟುಕೊಂಡರೆ ನಡೆಯದಲ್ಲ, ಬೆಳಿಗ್ಗೆಯೇ ಲಕೋಟೆಯನ್ನು ನನ್ನ ಕೋಟಿನ ಜೇಬಿಗೆ ತುರುಕಿದಳು.

"ನಾನು ಪೆಟ್ಟಿಗೆಗೆ ಇಳಿಯೋ ಮುಂಚೆ ಕೊಡು. ಸಿಟ್ಟು ಬಂದ್ರೆ ನಿಂಗೆ ನಿನ್ನ ಹೆಸರೂ ನೆನಪಿರಲ್ಲ."

ಮರೆತೆ. ಜನರೇಟರ್ ಕೆಟ್ಟಿತ್ತು, ಅದನ್ನು ತಂದವನ ಮೇಲೆ ಕೂಗಾಡುತ್ತಿದ್ದೆ. ತನ್ನ ಎದೆಗೆ ತಾನೇ ಮೈಕ್ ಸಿಕ್ಕಿಸಿಕೊಳ್ಳುವ ಗಡಿಬಿಡಿಯಲ್ಲಿ ಅವಳಿಗೂ ನೆನಪಾಗಲಿಲ್ಲ. ಶೂಟಿಂಗ್ ನಡೆಯುತ್ತಿದ್ದ ಗೋದಾಮಿಗೆ ಬೆಳಕು ಬಂದಾಗ ಅಕ್ಕ ಶವಪೆಟ್ಟಿಗೆಯಲ್ಲಿ ಕಣ್ಣು ಮುಚ್ಚಿದ್ದಳು.

ಒಂಬತ್ತು ದಿನದ ಮೇಲೆ ಆ ಕೋಟು ಮತ್ತೆ ತೊಟ್ಟೆ. ಜೇಬಿನಲ್ಲಿ ಲಕೋಟೆ. ಅಷ್ಟರಲ್ಲಿ ಅಕ್ಕನಿಗೆ ಕೆಮ್ಮು ಹತ್ತಿತ್ತು. ಎದೆಯ ಎಕ್ಸ್‌ರೇಯಲ್ಲಿ ಏನೋ ಕಲೆ ಕಂಡಿದೆ, ಅದೇನೆಂದು ಸೋಮವಾರ ಹೇಳುತ್ತೇವೆ ಎಂದಿದ್ದರು ಡಾಕ್ಟರು.

ಓಡಿದೆ. ಎಡಿಟಿಂಗ್ ಕೋಣೆಯಲ್ಲಿ ಅವಳು ಪೆಟ್ಟಿಗೆಯೊಳಗೆ ಮೈಕ್ ಹಿಡಿದಿದ್ದ ತನ್ನದೇ ಉಸಿರು ಕೇಳಿಸಿಕೊಳ್ಳುತ್ತ ಕುಳಿತಿದ್ದಳು. ಲಕೋಟೆ ಮೇಜಿನ ಮೇಲಿಟ್ಟೆ. ಅವಳ ಮುಖದ ಬಣ್ಣ ಇಳಿಯಿತು. ಇಷ್ಟು ವರ್ಷದಲ್ಲಿ ಅವಳು ಹೆದರಿದ್ದನ್ನು ನಾನು ನೋಡಿರಲಿಲ್ಲ.

"ಈಗ ತಗೊಳಕ್ಕ."

"ಈಗ ಯಾವುದಕ್ಕೋ, ಕತ್ತೆ? ಮಲಗಿದ್ದಾಯ್ತು, ಎದ್ದಿದ್ದಾಯ್ತು." ಪರದೆಯ ಮೇಲಿನ ಹೆಣದತ್ತ ಬೆರಳು ತೋರಿಸಿದಳು. "ಅದನ್ನ ಅಳಿಸಿ ಹಾಕ್ತೀನಿ. ಮತ್ತೆ ಮಲಗ್ತೀನಿ. ಈ ಸಲ ಮೊದಲು ಕೊಡು."

ಭಾನುವಾರ ಮಧ್ಯಾಹ್ನ, ಅದೇ ಗೋದಾಮು, ಅದೇ ಪೆಟ್ಟಿಗೆ. ಎರಡೂ ಕೈಯಲ್ಲಿ ಲಕೋಟೆ ಕೊಟ್ಟೆ.

"ಕೊಡೋನೇ ಹಿಂಗೆ ನಡುಗಿದ್ರೆ ಮಲಗೋಳ ಗತಿ ಏನೋ?" ಎಂದು ಒಳಗಿಳಿದಳು.

ಬೆರಳಷ್ಟು ಸಂದಿ ಬಿಟ್ಟು ಮುಚ್ಚಳ ಹಾಕಿದೆವು. ಆಗ ಹೊಳೆಯಿತು: 'ಕಟ್' ಎನ್ನಬೇಕಾದವಳೇ ಒಳಗಿದ್ದಾಳೆ. ಮೊದಲ ಸಲ ಭಯವಿರಲಿಲ್ಲ, ಗಮನಿಸಿರಲಿಲ್ಲ. ಕ್ಯಾಮೆರಾ ಓಡುತ್ತಿತ್ತು. ಮಾತಿಲ್ಲ. ಇಷ್ಟು ದಿನ ಬಿಡದ ಕೆಮ್ಮೂ ಇಲ್ಲ.

"ಮುಚ್ಚಳ ತೆಗೀಲಾ ಅಣ್ಣ?" ಕ್ಯಾಮೆರಾ ಹಿಡಿದಿದ್ದ ಶೂಯಿನ್ ಪಿಸುಗುಟ್ಟಿದಳು.

"ಅವಳು ಹೇಳ್ದೆ ತೆಗೆದ್ರೆ ಸಾಯಿಸ್ತಾಳೆ," ಎಂದೆ. ಅಂದ ಮಾತಿಗೆ ನಾನೇ ಬೆಚ್ಚಿದೆ. ತಡೆಯಲಾರದೆ ಸಂದಿಯೊಳಗೆ ಬೆರಳು ತೂರಿಸಿದೆ. ಉಸಿರು ಆಡುತ್ತಿದೆಯೋ ಇಲ್ಲವೋ ತಿಳಿಯಲಿಲ್ಲ.

"ಕಟ್. ಯಾವನೋ ಅದು ಬೆರಳು ತೂರಿಸಿದ್ದು? ಎಲ್ಲ ಹಾಳಾಯ್ತು. ಇನ್ನೊಂದು ಸಲ."

"ಲಕೋಟೆ ಇರೋದು ಒಂದೇ," ಎಂದು ಲೈಟು ಆರಿಸಿದೆ. ಅವಳು ಬೈಯುತ್ತಲೇ ಎದ್ದಳು.

ಸಂಜೆ ಬಂದರಿನ ಅಂಗಡಿಯಲ್ಲಿ ಮೀನುಂಡೆಯ ಸಾರು ಕುಡಿದು ಲಕೋಟೆ ಖಾಲಿ ಮಾಡಲು ಕುಳಿತೆವು. ನಾಳೆ ಡಾಕ್ಟರು ಹೇಳಬೇಕಿದ್ದ ಮಾತನ್ನು ಇಬ್ಬರೂ ಎತ್ತಲಿಲ್ಲ. ಎರಡನೇ ಬಟ್ಟಲಿಗೆ ಅವಳು ಕೆಮ್ಮಿದಳು. ಲಕೋಟೆಯಲ್ಲಿ ಇನ್ನೂ ದುಡ್ಡಿತ್ತು, ನಾನು ಮೂರನೆಯದು ತರಿಸಿದೆ.