ದೊಡ್ಡವ್ವನ ತಲೆ ಎಣಿಕೆ

ದೀಪಾವಳಿಯಲ್ಲಿ ಪಟಾಕಿಗೆ ಮೊದಲು ನಾನು ಮೊಮ್ಮಕ್ಕಳಿಗೆ ಹತ್ತಿ ಹಂಚುತ್ತೇನೆ. ಅವರಿಗದು ವರ್ಷವರ್ಷದ ತಮಾಷೆ. ಈ ಸಲ ಕಿವಿಗೆ ಉಂಡೆ ಹೊಸೆಯುತ್ತಿದ್ದಾಗ ಯಾಕೋ ದೊಡ್ಡವ್ವ ಬಂದು ಎದುರಿಗೆ ಕೂತಂತಾಯಿತು.

ದೊಡ್ಡಪ್ಪ ವಿಶಾಖಪಟ್ಟಣದ ಬಂದರಿನಲ್ಲಿ ಮೂಟೆ ಹೊರುತ್ತಿದ್ದ. ಎರಡನೇ ಮಹಾಯುದ್ಧದಲ್ಲಿ ಅಲ್ಲಿ ಬಾಂಬು ಬಿದ್ದ ಮೇಲೆ ಇಬ್ಬರೂ ನಮ್ಮೂರು ಹರವೆಗೆ ಬಂದುಬಿಟ್ಟರು. ಪಾತ್ರೆಪಗಡವನ್ನೆಲ್ಲ ಅಲ್ಲೇ ಬಿಟ್ಟ ದೊಡ್ಡವ್ವ ಬಾಂಬಿನ ಭಯವನ್ನು ಮಾತ್ರ ಜೋಪಾನವಾಗಿ ತಂದಿದ್ದಾಳೆ ಎಂದು ಊರೇ ನಗುತ್ತಿತ್ತು. ಹತ್ತು ವರ್ಷ ಕಳೆದರೂ ಗುಡುಗಿದರೆ ಮಂಚದಡಿ ಸೇರುವಳು. ನಾನೇನು ಕಮ್ಮಿಯೇ? ಅವಳ ಬೆನ್ನ ಹಿಂದೆ ‘ಗುಂಯ್’ ಎಂದು ವಿಮಾನ ಹಾರಿಸುತ್ತಿದ್ದೆ.

ಅಂಥವಳ ಹೊಲದಲ್ಲೇ ಬಾವಿ ತೋಡುವಾಗ ಬಂಡೆ ಸಿಕ್ಕಬೇಕೆ? ಮದ್ದಿಟ್ಟು ಸಿಡಿಸದೆ ನೀರಿಲ್ಲ. ಮೂರು ದಿನ ಹಟ ಹಿಡಿದವಳು ಕೊನೆಗೆ ಒಪ್ಪಿದಳು. ಆದರೆ ತಾನು ಹೇಳುವವರೆಗೆ ಯಾರೂ ಬೆಂಕಿ ಮುಟ್ಟಿಸಬಾರದು.

“ಕಿವಿಗೆ ಅತ್ತಿ ತುರುಕ್ಕಂಡು ಬೋರ್ಲು ಮನಿಕಳ್ರಲಾ! ಬಾಯ್ ತೆರ್ಕಂಡಿರಿ, ಇಲ್ದಿದ್ರೆ ಕಿವಿ ಒಡ್ದೋಯ್ತವೆ!”

ಹುರಿಮೀಸೆಯ ಯಜಮಾನರೆಲ್ಲ ಹುರುಳಿ ಹೊಲದಲ್ಲಿ ಬಾಯಿ ತೆರೆದು ಮಲಗಿದ್ದನ್ನು ನೀವು ನೋಡಬೇಕಿತ್ತು. ನಾನು ನೋಡಿದೆ, ಬಾವಿಯ ಪಕ್ಕದ ಮಣ್ಣುಗುಡ್ಡೆಯ ಹಿಂದೆ ಅಡಗಿ ಕೂತು. ಬಂಡೆ ಸಿಡಿಯುವುದನ್ನು ಹತ್ತಿರದಿಂದ ಕಾಣುವ ಹುಚ್ಚು ನನಗೆ.

ದೊಡ್ಡವ್ವ ಒಬ್ಬೊಬ್ಬರ ತಲೆ ಮುಟ್ಟಿ ಎಣಿಸಿದಳು. ಮತ್ತೆ ಎಣಿಸಿದಳು.

“ತಡೀಲಾ! ಒಂದ್ ತಲೆ ಕಮ್ಮಿ!”

“ಇಂಗೇ ಎಣಿಸ್ತಾ ಇದ್ರೆ ಮದ್ದು ಅಳಸೋಯ್ತದೆ ಬುಡವ್ವೋ,” ಎಂದ ಮದ್ದಿನವನು.

ಅವಳು ಜಗ್ಗಲಿಲ್ಲ. ಹುಡುಕಿ ಹುಡುಕಿ ನನ್ನ ಜಡೆ ಹಿಡಿದೆಳೆದು ಕೆನ್ನೆಗೆ ಬಾರಿಸಿದಳು. ಆಮೇಲೆ ತಬ್ಬಿಕೊಂಡು ಅತ್ತಳು.

“ಇಮಾನ ಬಂದಾಗ ಎಲ್ರೂ ಅವಿತ್ಕಳೋ ಗುಂಡಿಗ್ ಇಳೀತಿದ್ದೊ. ಒಂದಿನ ಎದ್ ಬಂದು ನೋಡುದ್ರೆ ಪಕ್ಕದ್ಮನೆ ಕೂಸು ಇರ್ನಿಲ್ಲ ಕಣಮ್ಮಿ. ಇಳಿವಾಗ ನಾನು ಎಣಿಸಿರ್ನಿಲ್ಲ.”

ಬಂಡೆ ಸಿಡಿಯಿತು, ನೀರೂ ಬಂತು. ನಾನು ಕೂತಿದ್ದ ಜಾಗದಲ್ಲಿ ಕುಂಬಳಕಾಯಿ ಗಾತ್ರದ ಕಲ್ಲೊಂದು ಹೂತಿತ್ತು. ಆಮೇಲೆ ನಾನು ವಿಮಾನ ಹಾರಿಸಲಿಲ್ಲ.

ಈ ಸಲ ಹತ್ತಿ ಹಂಚಿದರಷ್ಟೇ ಸಾಲದೆನ್ನಿಸಿತು. ಊದುಬತ್ತಿ ಹಚ್ಚುವ ಮೊದಲು ಎಲ್ಲರನ್ನೂ ಹೆಸರು ಹಿಡಿದು ಕೂಗಿದೆ. “ಅಜ್ಜಿ ಹಾಜರಿ ಶುರು ಮಾಡಿದ್ರು!” ಎಂದು ಗಲಾಟೆಯೆದ್ದಿತು. ಕಿರಿಯವಳು ಮಾತ್ರ ಓಗೊಡಲಿಲ್ಲ. ಮತ್ತೆ ಕೂಗಿದೆ. ಆಗ ಬಾಗಿಲ ಹಿಂದಿನಿಂದ ಕಿಸಕ್ಕೆಂದು ನಕ್ಕಳು.

ನಗಲಿ ಬಿಡಿ. ನಕ್ಕರೆ ಎಲ್ಲಿದ್ದಾಳೆಂದು ಗೊತ್ತಾಗುತ್ತದೆ.